ದಿ ಫೌಂಡರ್ಸ್ (ಸಾಕ್ಷ್ಯಚಿತ್ರ)

'ದಿ ಫೌಂಡರ್ಸ್' 2016ರಲ್ಲಿ ತೆರೆಕಂಡ ಅಮೆರಿಕದ ಸಾಕ್ಷ್ಯಚಿತ್ರ. ಚಾರ್ಲೀನ್ ಫಿಸ್ಕ್ ಮತ್ತು ಕ್ಯಾರಿ ಶ್ರೇಡರ್ ಇದರ ನಿರ್ದೇಶಕರು. ವೃತ್ತಿಪರ ಮಹಿಳಾ ಗಾಲ್ಫ್ ಸಂಸ್ಥೆಯಾದ ಎಲ್‌ಪಿಜಿಎಯನ್ನು ಕಟ್ಟಿದ ಹದಿಮೂರು ಆಟಗಾರ್ತಿಯರೇ ಚಿತ್ರದ ವಸ್ತು.

ಹಿನ್ನೆಲೆ

1950ರಲ್ಲಿ ಅಮೆರಿಕದ ವಿಚಿಟಾ ನಗರದಲ್ಲಿ ನಡೆದ ಮಹಿಳಾ ಯುಎಸ್ ಓಪನ್ ಪಂದ್ಯಾವಳಿಯಲ್ಲಿ ಬೇಬ್ ಜಹಾರಿಯಸ್ ಪ್ರಶಸ್ತಿ ಗೆದ್ದರು. ಸಂಸ್ಥೆಯು ರೂಪುಗೊಂಡದ್ದೂ ಅದೇ ಸಂದರ್ಭದಲ್ಲಿ. ಆರಂಭದ ವರ್ಷಗಳಲ್ಲಿ ಈ ಆಟಗಾರ್ತಿಯರು ಊರಿಂದೂರಿಗೆ ತಾವೇ ಕಾರು ಓಡಿಸಿಕೊಂಡು ಹೋಗುತ್ತಿದ್ದರು. ಮೈದಾನದ ಸಿದ್ಧತೆ, ಲೆಕ್ಕಪತ್ರ, ಪ್ರಚಾರಗಳೂ ಅವರ ಹೆಗಲಿಗೇ ಬಿದ್ದಿದ್ದವು. ಆಡುವವರೇ ಪಂದ್ಯ ನಡೆಸುವವರೂ ಆಗಿದ್ದರೆನ್ನುವುದು ಇಂದಿನ ಓದುಗರಿಗೆ ಸೋಜಿಗವೆನಿಸೀತು.

ಮಹತ್ತ್ವ

ಚಿತ್ರದ ನಿಜವಾದ ಬೆಲೆ ಅದು ತಯಾರಾದ ಕಾಲದಲ್ಲಿದೆ. ಹದಿಮೂರು ಜನರಲ್ಲಿ ಆಗ ಉಳಿದಿದ್ದವರು ಲೂಯಿಸ್ ಸಗ್ಸ್, ಮ್ಯಾರಿಲಿನ್ ಸ್ಮಿತ್, ಮಾರ್ಲೀನ್ ಹೇಗ್ ಮತ್ತು ಶರ್ಲಿ ಸ್ಪೋರ್ಕ್. ಸಗ್ಸ್ 2015ರಲ್ಲಿ, ಚಿತ್ರ ತೆರೆಕಾಣುವ ಮೊದಲೇ, ತೀರಿಕೊಂಡರು. 2023ರಲ್ಲಿ ಹೇಗ್ ನಿಧನರಾದಾಗ ಆ ಪೀಳಿಗೆಯೇ ಮುಗಿಯಿತು. ಕೆಲವು ವರ್ಷ ತಡವಾಗಿದ್ದರೆ ಚಿತ್ರಕ್ಕೆ ಅಂಕಪಟ್ಟಿ ಮತ್ತು ಹಳೆಯ ಛಾಯಾಚಿತ್ರಗಳಷ್ಟೇ ಆಧಾರವಾಗುತ್ತಿದ್ದವು.

ಕರ್ನಾಟಕದ ಸಂದರ್ಭ

ಚಿತ್ರ ಬಂದ 2016ರ ನವೆಂಬರಿನಲ್ಲಿಯೇ, ಬೆಂಗಳೂರಿನ ಹದಿನೆಂಟರ ಹರೆಯದ ಅದಿತಿ ಅಶೋಕ್ ಗುರುಗ್ರಾಮದಲ್ಲಿ ಮಹಿಳಾ ಇಂಡಿಯನ್ ಓಪನ್ ಗೆದ್ದರು. ಮೂರು ಸುತ್ತುಗಳಲ್ಲಿ ಒಟ್ಟು 213 ಹೊಡೆತಗಳು. ಗೆಲುವಿನ ಅಂತರ ಒಂದೇ ಹೊಡೆತ. ಮಹಿಳಾ ಯುರೋಪಿಯನ್ ಟೂರ್‌ನ ಪ್ರಶಸ್ತಿ ಭಾರತೀಯಳೊಬ್ಬಳಿಗೆ ದೊರೆತದ್ದು ಅದೇ ಮೊದಲು. 2017ರಿಂದ ಅವರು ಆ ಹದಿಮೂರು ಜನ ಕಟ್ಟಿದ ಎಲ್‌ಪಿಜಿಎಯಲ್ಲಿಯೇ ಆಡತೊಡಗಿದರು.

ಆದರೂ ಜನ ಅದಿತಿಯವರನ್ನು ನೆನೆಯುವುದು ಹೆಚ್ಚಾಗಿ ಟೋಕಿಯೊ ಒಲಿಂಪಿಕ್ಸ್‌ನ ನಾಲ್ಕನೆಯ ಸ್ಥಾನಕ್ಕಾಗಿ. ಅಲ್ಲಿ ಒಂದು ಹೊಡೆತದಿಂದ ಪದಕ ತಪ್ಪಿತು. ಇಲ್ಲಿ ಒಂದು ಹೊಡೆತದಿಂದ ಇತಿಹಾಸ ನಿರ್ಮಾಣವಾಗಿತ್ತು. ಕಣ್ಣಾರೆ ಕಂಡ ಸೋಲು ಕಾಣದ ಗೆಲುವಿಗಿಂತ ಮನಸ್ಸಿನಲ್ಲಿ ಗಟ್ಟಿಯಾಗಿ ನಿಂತಿತೆನ್ನಬೇಕು. ದಾವಣಗೆರೆ, ಹರಿಹರದಂತಹ ಊರುಗಳ ವಿದ್ಯಾರ್ಥಿಗಳಿಗೆ ಗಾಲ್ಫ್ ಬಹುಮಟ್ಟಿಗೆ ಪತ್ರಿಕೆಯ ಕ್ರೀಡಾಪುಟದ ಆಟ; ಅವರಿಗೆ 2016ರ ಗೆಲುವನ್ನು ತಲುಪಿಸಲು ಇಂತಹದೊಂದು ಚಿತ್ರವೇ ಬೇಕು. ಅದನ್ನು ಕಂಡವರು ಮಾತಿಗೆ ಸಿಗುವ ಕಾಲ ಇದು. ರಿಯೊ ಒಲಿಂಪಿಕ್ಸ್‌ನಲ್ಲಿ ತಂದೆ, ಟೋಕಿಯೊದಲ್ಲಿ ತಾಯಿ ಕ್ಯಾಡಿಯಾಗಿ ಅದಿತಿಯವರ ಗಾಲ್ಫ್ ಚೀಲವನ್ನು ಹೊತ್ತು ನಡೆದಿದ್ದರು.