ಅಪರಿಚಿತ ವಾಹನದ ಸುದ್ದಿಗೆ ಇನ್ನೊಂದು ಸಾಲು ಬೇಕು

'ಅಪರಿಚಿತ ವಾಹನ ಡಿಕ್ಕಿ: ಬೈಕ್ ಸವಾರ ಸಾವು.' ಈ ತಲೆಬರಹ ನಮಗೆ ಬಾಯಿಪಾಠ. ಮೃತರ ಹೆಸರು, ವಯಸ್ಸು, ಊರು, ಕೊನೆಗೆ 'ಠಾಣೆಯಲ್ಲಿ ಪ್ರಕರಣ ದಾಖಲಾಗಿದೆ'. ವಾಡಿ, ಚಿತ್ತಾಪುರ, ಸೇಡಂ ಕಡೆಯ ಇಂಥ ಸುದ್ದಿಗಳನ್ನು ನಾವೂ ಬರೆದಿದ್ದೇವೆ. ನಾಲ್ಕು ಸಾಲಿಗೆ ಮುಗಿಸಿ ಮುಂದಿನ ಸುದ್ದಿಗೆ ಹೋಗಿದ್ದೇವೆ. ಬರೆಯಬೇಕಾದ ಐದನೆಯ ಸಾಲೊಂದಿತ್ತು: ಗುದ್ದಿದ ಗಾಡಿ ಸಿಗದಿದ್ದರೂ ಆ ಮನೆಗೆ 2 ಲಕ್ಷ ರೂಪಾಯಿ ಪರಿಹಾರ ಸಲ್ಲಬೇಕು.

ಇದು ಯಾರೂ ದಯೆಯಿಂದ ಕೊಡುವ ಹಣವಲ್ಲ. ಮೋಟಾರು ವಾಹನ ಕಾಯ್ದೆಯ 161ನೇ ಸೆಕ್ಷನ್ ಕೊಟ್ಟ ಹಕ್ಕು. ಮೊದಲು 25 ಸಾವಿರ ಇದ್ದದ್ದು 2022ರ ಏಪ್ರಿಲ್ 1ರಿಂದ 2 ಲಕ್ಷವಾಯಿತು. ತೀವ್ರ ಗಾಯವಾದವರಿಗೆ 50 ಸಾವಿರ. ಇದಕ್ಕೆ ಕೋರ್ಟಿಗೆ ಅಲೆಯಬೇಕಿಲ್ಲ. ಎಫ್‌ಐಆರ್, ಮರಣೋತ್ತರ ಪರೀಕ್ಷೆಯ ವರದಿ, ಗುರುತಿನ ಚೀಟಿ, ಬ್ಯಾಂಕ್ ಪಾಸ್‌ಬುಕ್‌ಗಳ ಪ್ರತಿ ಇಟ್ಟು, ವಿಚಾರಣಾಧಿಕಾರಿಯಾಗಿರುವ ಉಪವಿಭಾಗಾಧಿಕಾರಿ ಅಥವಾ ತಹಶೀಲ್ದಾರರಿಗೆ ಅರ್ಜಿ ಕೊಟ್ಟರೆ ಸಾಕು. ಅವರು ಒಂದು ತಿಂಗಳಲ್ಲಿ ಜಿಲ್ಲಾಧಿಕಾರಿಗೆ ವರದಿ ಕಳಿಸಬೇಕು.

ಕೇಳುವವರು ಎಷ್ಟು ಮಂದಿ? 2022ರಲ್ಲಿ ದೇಶದಲ್ಲಿ ಗುದ್ದಿ ಪರಾರಿಯಾದ ಪ್ರಕರಣಗಳು 67,387. 2022-23ರಲ್ಲಿ ಬಂದ ಅರ್ಜಿ 205, ಇತ್ಯರ್ಥವಾದದ್ದು 95. ಸುಪ್ರೀಂ ಕೋರ್ಟ್ 2024ರ ಜನವರಿಯ ಆದೇಶದಲ್ಲಿ ಈ ಅಂತರವನ್ನು ಎತ್ತಿ ತೋರಿಸಿತು. ತಿಂಗಳೊಳಗೆ ವಾಹನ ಪತ್ತೆಯಾಗದಿದ್ದರೆ ಈ ಪರಿಹಾರ ಇದೆ ಎಂದು ಠಾಣಾಧಿಕಾರಿ ಮನೆಯವರಿಗೆ ಬರಹದಲ್ಲೇ ತಿಳಿಸಬೇಕು, ಯಾವ ಅಧಿಕಾರಿಯನ್ನು ಕಾಣಬೇಕೆಂಬ ವಿವರವನ್ನೂ ಕೊಡಬೇಕು ಎಂದಿತು. ನಮ್ಮ ಕಡೆ ಆ ಪತ್ರ ಎಷ್ಟು ಮನೆ ತಲುಪಿದೆ ಎಂದು ಪ್ರತಿ ಠಾಣೆಯಲ್ಲೂ ಕೇಳಬೇಕಾದವರು ನಾವೇ.

2025ರ ಜನವರಿಯಲ್ಲಿ ಯಲ್ಲಾಪುರದ ಬಳಿ ಲಾರಿ ಉರುಳಿ ಸವಣೂರಿನ ಹಣ್ಣು-ತರಕಾರಿ ವ್ಯಾಪಾರಿಗಳು ಸತ್ತಾಗ ಪ್ರಧಾನಿ ಪರಿಹಾರ ನಿಧಿಯಿಂದ ತಲಾ 2 ಲಕ್ಷ ಘೋಷಣೆಯಾಯಿತು. ಆಗಬೇಕಾದದ್ದೇ. ಆದರೆ ಒಬ್ಬನೇ ಸತ್ತರೆ ಯಾರೂ ಘೋಷಿಸುವುದಿಲ್ಲ, ಅಷ್ಟೇ ಮೊತ್ತ ಕಾನೂನಿನ ಪುಸ್ತಕದಲ್ಲೇ ಉಳಿದುಬಿಡುತ್ತದೆ.

ಹಾಗಂತ 2 ಲಕ್ಷ ದೊಡ್ಡ ಮೊತ್ತವೇನಲ್ಲ. ಗಾಡಿಯ ನಂಬರ್ ಸಿಕ್ಕರೆ ಲೆಕ್ಕವೇ ಬೇರೆ. ಶಹಾಬಾದಿನ ಪರ್ಸಿ ಖಣಿಯಲ್ಲಿ ತಿಂಗಳಿಗೆ 12 ಸಾವಿರ ದುಡಿಯುವ 30 ವರ್ಷದವನೊಬ್ಬ ಸತ್ತ ಎಂದುಕೊಳ್ಳಿ. ಮನೆಯಲ್ಲಿ ಹೆಂಡತಿ, ಇಬ್ಬರು ಮಕ್ಕಳು, ತಾಯಿ. ಸುಪ್ರೀಂ ಕೋರ್ಟಿನ ಸೂತ್ರದಂತೆ ಮುಂದೆ ಹೆಚ್ಚಬಹುದಾದ ಗಳಿಕೆಗೆ ಶೇ 40 ಸೇರಿಸಿ, ಅವನ ಸ್ವಂತ ಖರ್ಚಿಗೆ ಕಾಲುಭಾಗ ಕಳೆದು, ವರ್ಷದ ಮೊತ್ತವನ್ನು 17ರಿಂದ ಗುಣಿಸಿದರೆ 25,70,400 ರೂಪಾಯಿ. ಚಾಲಕನ ತಪ್ಪು ಸಾಬೀತಾದರೆ ನ್ಯಾಯಮಂಡಳಿ ಕೊಡಿಸಬೇಕಾದದ್ದು ಇಷ್ಟು. ನಂಬರ್ ಪ್ಲೇಟು ಕಾಣದೇ ಹೋದರೆ ಆ ಮನೆಗೆ ಇಪ್ಪತ್ಮೂರು ಲಕ್ಷಕ್ಕೂ ಹೆಚ್ಚು ನಷ್ಟ.

ಅದಕ್ಕೇ 'ಅಪರಿಚಿತ' ಎಂಬ ಪದವನ್ನು ನಾವು ಇಷ್ಟು ಸಲೀಸಾಗಿ ಒಪ್ಪಬಾರದು. ವಾಡಿ, ಮಳಖೇಡ, ಸೇಡಂ ರಸ್ತೆಗಳ ಲಾರಿ, ಬಲ್ಕರ್‌ಗಳಲ್ಲಿ ಹೆಚ್ಚಿನವು ಯಾವುದೋ ಸಿಮೆಂಟ್ ಕಾರ್ಖಾನೆಯ ಗೇಟು ದಾಟಿ ಬಂದವು, ಇಲ್ಲವೇ ಅಲ್ಲಿಗೆ ಹೊರಟವು. ಒಳಹೋದ, ಹೊರಬಂದ ಹೊತ್ತು ಗೇಟಿನಲ್ಲಿ ದಾಖಲಾಗುತ್ತದೆ, ವೇಬ್ರಿಡ್ಜ್‌ನಲ್ಲಿ ತೂಕದ ಚೀಟಿ ಹರಿಯುತ್ತದೆ. ರಾತ್ರಿ ಎರಡಕ್ಕೆ ಅಪಘಾತವಾದರೆ ಆಚೀಚೆ ಒಂದು ತಾಸಿನಲ್ಲಿ ಹೊರಟ ಲಾರಿಗಳ ಪಟ್ಟಿ ಕೇಳುವುದು ಪೊಲೀಸರಿಗೆ ಕಷ್ಟದ ಕೆಲಸವಲ್ಲ. ಕೇಳಿದರೋ ಇಲ್ಲವೋ ಎಂದು ವಿಚಾರಿಸುವುದು ನಮಗೂ ಕಷ್ಟವಲ್ಲ.

ಚಿಂಚೋಳಿಯ ತಾಂಡಾಗಳಿಗೆ ಇನ್ನೊಂದು ಮಾತು. ಪುಣೆ, ಮುಂಬೈ, ಹೈದರಾಬಾದಿಗೆ ದುಡಿಯಲು ಹೋದವರು ಅಲ್ಲೇ ಅಪಘಾತದಲ್ಲಿ ತೀರಿಕೊಂಡರೆ, ಗುದ್ದಿದ ವಾಹನ ಗೊತ್ತಿದ್ದಲ್ಲಿ, ಮನೆಯವರು ಪರಿಹಾರದ ದಾವೆಗೆ ಆ ಊರಿಗೆ ಹೋಗಬೇಕಿಲ್ಲ. ತಾವು ವಾಸವಿರುವ ವ್ಯಾಪ್ತಿಯ ನ್ಯಾಯಮಂಡಳಿಯಲ್ಲೇ ಹೂಡಬಹುದು. ಕಾಯ್ದೆ ಹೇಳುವ ಗಡುವು ಆರು ತಿಂಗಳು. ದಿನಕರ್ಮ, ತಿಂಗಳ ಮಾಸಿಕ ಅನ್ನುತ್ತ ಅದರಲ್ಲಿ ಅರ್ಧ ಕಳೆದೇ ಹೋಗಿರುತ್ತದೆ.

ನಮ್ಮಲ್ಲಿ ಹಲವರು ಈಗ ಬೇರೆ ಬೇರೆ ಪತ್ರಿಕೆಗಳ ತಾಲ್ಲೂಕು ವರದಿಗಾರರು. ಜಾಗವಿಲ್ಲ ಎಂದು ಡೆಸ್ಕಿನವರು ಕತ್ತರಿಸಬಹುದು, ಆದರೂ ಇಂಥ ಪ್ರತಿ ಸುದ್ದಿಯ ಕೊನೆಗೆ ಇಷ್ಟು ಸೇರಿಸಿ ಕಳಿಸೋಣ: 'ವಾಹನ ಪತ್ತೆಯಾಗದಿದ್ದಲ್ಲಿ ಮೃತರ ವಾರಸುದಾರರು 2 ಲಕ್ಷ ರೂಪಾಯಿ ಪರಿಹಾರಕ್ಕೆ ತಹಶೀಲ್ದಾರ್ ಕಚೇರಿಯಲ್ಲಿ ವಿಚಾರಿಸಿ ಅರ್ಜಿ ಸಲ್ಲಿಸಬಹುದು.' ತಿಂಗಳಾದ ಮೇಲೆ ಅದೇ ಮನೆಗೆ ಒಂದು ಫೋನು.