ಕಂಬವೂ ಕಮಲವೂ
ಈ ವಾರ ಸವಣೂರಿನ ಖಾನಾವಳಿಯೊಂದರಲ್ಲಿ ಗೋಡೆಯ ಟಿವಿಯಲ್ಲಿ ಉಮಾಶ್ರೀಯವರ ಹಳೆಯ ಹಾಸ್ಯಪ್ರಸಂಗವೊಂದು ಬಂದಾಗ, ಉಣ್ಣುತ್ತಿದ್ದವರೆಲ್ಲರೂ ರೊಟ್ಟಿಯನ್ನು ಮರೆತು ನಕ್ಕರಾದರೂ, ಆ ಚಿತ್ರದ ನಾಯಕಿ ಯಾರೆಂಬುದು ಅವರಲ್ಲೊಬ್ಬರಿಗೂ ನೆನಪಾಗಲಿಲ್ಲ. ಹಾನಗಲ್ಲಿನ ತಾರಕೇಶ್ವರ ದೇವಾಲಯಕ್ಕೆ ಹೋದವರು ಕತ್ತೆತ್ತಿ ಛಾವಣಿಯ ಶಿಲಾಕಮಲವನ್ನು ಕೊಂಡಾಡುವರಲ್ಲದೆ ಅದನ್ನು ಹೊತ್ತ ಕಂಬಗಳತ್ತ ನೋಡುವವರು ವಿರಳ. ಇಲ್ಲಿಯಾದರೋ ಕಂಬವೇ ಸ್ಮರಣೆಯಲ್ಲುಳಿದು ಕಮಲವು ಮರೆಯಾಗಿತ್ತು. 1984ರ ‘ಅನುಭವ’ದಿಂದ ಮೊದಲ್ಗೊಂಡು ನಮ್ಮ ಚಿತ್ರೋದ್ಯಮವು ಈ ನಟಿಗೆ ಬಹುಕಾಲ ಕೊಟ್ಟುದು, ನಿಸ್ಸಂಕೋಚವಾಗಿ ಹೇಳುವುದಾದರೆ, ದ್ವಂದ್ವಾರ್ಥದ ಸಂಭಾಷಣೆಯನ್ನೇ, ಅತ್ತ ರಂಗಭೂಮಿಯು ಸಿ.ಜಿ.ಕೆ. ನಿರ್ದೇಶನದ, ದೇವನೂರ ಮಹಾದೇವರ ‘ಒಡಲಾಳ’ದಲ್ಲಿ ಇನ್ನೂ ಪ್ರಾಯದಲ್ಲಿದ್ದ ಆಕೆಯನ್ನು ಮುದುಕಿ ಸಾಕವ್ವನನ್ನಾಗಿಸಿ, ಆ ಪ್ರತಿಭೆಯ ಆಳವನ್ನು ತೋರಿಸಿಕೊಟ್ಟಿತು. ಬೆಳ್ಳಿತೆರೆಯು ಅದನ್ನು ಸಂಪೂರ್ಣವಾಗಿ ಮನಗಂಡದ್ದು, ವೈದೇಹಿಯವರ ಕಥೆಯನ್ನಾಧರಿಸಿ ಗಿರೀಶ ಕಾಸರವಳ್ಳಿಯವರು 2008ರಲ್ಲಿ ತೆರೆಗೆ ತಂದ ‘ಗುಲಾಬಿ ಟಾಕೀಸ್’ನಲ್ಲಿ ಸೂಲಗಿತ್ತಿ ಗುಲಾಬಿಯ ಪಾತ್ರವು ಆಕೆಗೊದಗಿ, ಶ್ರೇಷ್ಠ ನಟಿಯೆಂಬ ರಾಷ್ಟ್ರಪ್ರಶಸ್ತಿಯು ಲಭಿಸಿದಾಗಲೇ. ಆ ಗುಲಾಬಿಯ ಮನೆಗೆ ಟಿವಿ ಬಂದೊಡನೆ ನೆರೆಯ ಹೆಂಗಸರೆಲ್ಲ ಅಲ್ಲಿ ಕೂಡುತ್ತಿದ್ದರಷ್ಟೆ. ಮುಂದೆ, 2021ರಿಂದ, ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯ ಮೂಲಕ ಆಕೆಯೇ ಟಿವಿಯೊಳಗಿನಿಂದ, ಮೈಸೂರು ಸೀಮೆಯ ನುಡಿಯಲ್ಲಿಯೇ, ಶಿಗ್ಗಾಂವಿ, ಹಿರೇಕೆರೂರುಗಳ ಪಡಸಾಲೆಗಳನ್ನು ಪ್ರವೇಶಿಸಿದುದು ಕಾಸರವಳ್ಳಿಯವರೂ ಊಹಿಸದಿದ್ದ ಸ್ವಾರಸ್ಯವಿರಬೇಕು. ನಡುವೆ ಐದು ವರ್ಷ ಸಚಿವೆಯಾದುದು ಬೇರೆ ಮಾತು. ನಾಯಕಿಯರಾಗಿ ಮೆರೆದವರು ಅರವತ್ತರ ಬಳಿಕ ಅತಿಥಿಪಾತ್ರಕ್ಕೆ ಕಾಯುವ ಈ ಉದ್ಯಮದಲ್ಲಿ, ಪೋಷಕನಟಿಯೊಬ್ಬರು ಅದೇ ವಯಸ್ಸಿನಲ್ಲಿ ಕಥೆಯ ಕೇಂದ್ರಕ್ಕೆ ಬಂದುದನ್ನು ನಮ್ಮ ವಿಮರ್ಶಕರು ಇನ್ನೂ ಗಂಭೀರವಾಗಿ ಪರಿಗಣಿಸಿಲ್ಲವೆಂಬುದೇ ನನ್ನ ಆಕ್ಷೇಪ.