ನಾಲಗೆಯ ವಿವೇಕ ಕಣ್ಣಿಗೂ ಬರಲಿ

"ಕೋಶ ಓದು, ದೇಶ ಸುತ್ತು" ಎಂಬುದು ಹಿರಿಯರ ಮಾತು. ಕೋಶವನ್ನು ಓದಿಸುವುದು ನನ್ನ ವೃತ್ತಿ. ದೇಶವನ್ನು ಸುತ್ತಿಸುವುದು ಆ ವೃತ್ತಿಗೆ ಅಂಟಿಕೊಂಡು ಬಂದ ಇನ್ನೊಂದು ಹೊಣೆ. ಸುಮಾರು ಮೂವತ್ತು ವರ್ಷಗಳಿಂದ ಮಕ್ಕಳನ್ನು ಬಸ್ಸಿನಲ್ಲಿ ಕೂರಿಸಿಕೊಂಡು ಬೇಲೂರು, ಹಳೇಬೀಡು, ಶ್ರೀರಂಗಪಟ್ಟಣ, ಮೈಸೂರುಗಳನ್ನು ತೋರಿಸಿ, ಕೊನೆಗೆ ಬೆಂಗಳೂರಿಗೆ ಬಂದು ವಿಧಾನಸೌಧದ ಎದುರು ಒಂದು ಛಾಯಾಚಿತ್ರ ತೆಗೆಸಿಕೊಂಡು ಹಿಂದಿರುಗುವುದು ನಮ್ಮ ಶೈಕ್ಷಣಿಕ ಪ್ರವಾಸದ ನಿಶ್ಚಿತ ಕ್ರಮ. ಅದರಲ್ಲಿ ದೋಷವೇನೂ ಇಲ್ಲ. ಆದರೆ ಆ ಕ್ರಮದಲ್ಲಿ ಬಿಟ್ಟುಹೋಗುತ್ತಿರುವ ಒಂದು ವಿಷಯವನ್ನು ಅಧ್ಯಾಪಕ ಮಿತ್ರರ, ಹಳೆಯ ವಿದ್ಯಾರ್ಥಿಗಳ ಹಾಗೂ ದಾನಿಗಳ ಮುಂದೆ ಇಡಬೇಕೆಂದು ಬಹುದಿನಗಳಿಂದ ಅನಿಸುತ್ತಿತ್ತು. ಈ ಸಂಚಿಕೆ ಅದಕ್ಕೆ ಅವಕಾಶ ಕೊಟ್ಟಿದೆ.

ಮೊದಲು ನನ್ನ ತಪ್ಪನ್ನೇ ಒಪ್ಪಿಕೊಳ್ಳುತ್ತೇನೆ. ಹಲವು ವರ್ಷಗಳ ಹಿಂದೆ ಇಂಥದೇ ಪ್ರವಾಸದಲ್ಲಿ ನಮ್ಮ ಬಸ್ಸು ಬೆಂಗಳೂರಿನ ಒಂದು ಚೌಕದಲ್ಲಿ ನಿಂತಿದ್ದಾಗ, ಎದುರಿಗಿದ್ದ ಎತ್ತರದ ಕಾಂಕ್ರೀಟು ಕಟ್ಟಡವನ್ನು ತೋರಿಸಿ ಒಬ್ಬ ಹುಡುಗ, "ಗುರುಗಳೇ, ಇದನ್ನು ಕಟ್ಟಿದವರು ಯಾರು?" ಎಂದು ಕೇಳಿದ. "ಯಾರೋ ಕಂಟ್ರಾಕ್ಟರು ಕಟ್ಟಿರಬೇಕು, ಕೂತುಕೋ" ಎಂದೆ. ಹೊಯ್ಸಳ ಶಿಲ್ಪಿಗಳನ್ನು ಹೆಸರು ಹಿಡಿದು ಹೇಳಬಲ್ಲ ಪಂಡಿತನಿಗೆ ತನ್ನ ಕಾಲದ ಕಟ್ಟಡದ ಕರ್ತೃವನ್ನು ತಿಳಿಯಬೇಕೆಂಬ ಕುತೂಹಲವೂ ಇರಲಿಲ್ಲ. ಆ ಹುಡುಗ ಮತ್ತೆ ಪ್ರಶ್ನೆ ಕೇಳಲಿಲ್ಲ. ಪ್ರಶ್ನೆ ಮಾತ್ರ ನನ್ನಲ್ಲಿ ಉಳಿಯಿತು.

ಕಳೆದ ವರ್ಷ ಬೆಂಗಳೂರಿನಲ್ಲಿ ನೆಲೆಸಿರುವ ನಮ್ಮ ಕೆಲವು ಹಳೆಯ ವಿದ್ಯಾರ್ಥಿಗಳು, "ಈ ಸಲ ಮಕ್ಕಳನ್ನು ಬಸ್ಸಿನಿಂದ ಇಳಿಸಿ, ಒಂದು ದಿನ ನಮ್ಮ ಜೊತೆ ನಡೆಸಿ" ಎಂದು ಕೇಳಿಕೊಂಡರು. ಅವರಲ್ಲೊಬ್ಬರು ವಾಸ್ತುಶಿಲ್ಪಿ, ಅವರೇ ಮಾರ್ಗದರ್ಶಕರು. ಮಾರ್ಗವೂ ಸರಳ: ಮುಂಚಿತವಾಗಿ ಅನುಮತಿ ಪಡೆದು ಭಾರತೀಯ ವಿಜ್ಞಾನ ಸಂಸ್ಥೆಯ ಆವರಣವನ್ನು ನೋಡುವುದು, ಅಲ್ಲಿಂದ ಸ್ಯಾಂಕಿ ಕೆರೆಯ ಬದಿ ಹಿಡಿದು ಚೌಡಯ್ಯ ಸ್ಮಾರಕ ಭವನಕ್ಕೆ ಬರುವುದು, ಮುಂದೆ ಮಲ್ಲೇಶ್ವರದ ಅಡ್ಡರಸ್ತೆಗಳಲ್ಲಿ ನಡೆದು, ನಡುನಡುವೆ ತಿಂಡಿ ತಿಂದು, ಮಾರ್ಗೋಸಾ ರಸ್ತೆಯಲ್ಲಿ ಮುಗಿಸುವುದು. "ಕಟ್ಟಡ ಸರಿ, ತಿಂಡಿ ಏಕೆ? ಇದು ವಿದ್ಯಾಭ್ಯಾಸವೋ ವನಭೋಜನವೋ?" ಎಂದು ನಾನೇ ಮೊದಲು ಆಕ್ಷೇಪಿಸಿದ್ದೆ. ಆ ಆಕ್ಷೇಪವನ್ನು ಈಗ ಹಿಂದಕ್ಕೆ ಪಡೆಯುತ್ತಿದ್ದೇನೆ. ಕಾರಣವನ್ನು ಹೇಳುವುದೇ ಈ ಲೇಖನದ ಉದ್ದೇಶ.

ಬೆಂಗಳೂರಿನವರು ಇಂದಿಗೂ ಟಾಟಾ ಇನ್‌ಸ್ಟಿಟ್ಯೂಟ್ ಎಂದೇ ಕರೆಯುವ ವಿಜ್ಞಾನ ಸಂಸ್ಥೆ ಸ್ಥಾಪನೆಯಾದದ್ದು ೧೯೦೯ರಲ್ಲಿ. ಅದರ ಗೋಪುರವುಳ್ಳ ಮುಖ್ಯ ಕಟ್ಟಡವನ್ನು ಎಲ್ಲರೂ ಬಲ್ಲರು. ಆದರೆ ಅದೇ ಆವರಣದಲ್ಲಿ ೧೯೪೦ರ ದಶಕದಲ್ಲಿ ಎದ್ದ ವಾಯುಯಾನಶಾಸ್ತ್ರ ಮತ್ತು ಲೋಹಶಾಸ್ತ್ರ ವಿಭಾಗಗಳ ಕಟ್ಟಡಗಳನ್ನೂ ಭೋಜನಶಾಲೆಯನ್ನೂ ರೂಪಿಸಿದಾತ ಒಟ್ಟೊ ಕೋನಿಗ್ಸ್‌ಬರ್ಗರ್ ಎಂಬ ಜರ್ಮನ್ ವಾಸ್ತುಶಿಲ್ಪಿ. ೧೯೦೮ರಲ್ಲಿ ಬರ್ಲಿನ್ನಿನಲ್ಲಿ ಹುಟ್ಟಿದ ಈತ ಹಿಟ್ಲರನು ಅಧಿಕಾರಕ್ಕೆ ಬಂದ ೧೯೩೩ರಲ್ಲಿ ಯೆಹೂದಿ ಮೂಲದವನೆಂಬ ಕಾರಣಕ್ಕೆ ತಾಯ್ನಾಡನ್ನು ಬಿಡಬೇಕಾಯಿತು. ಈಜಿಪ್ಟಿನಲ್ಲಿ ಕೆಲಕಾಲವಿದ್ದು, ಸರ್ ಮಿರ್ಜಾ ಇಸ್ಮಾಯಿಲರು ದಿವಾನರಾಗಿದ್ದ ೧೯೩೯ರಲ್ಲಿ ಮೈಸೂರು ಸಂಸ್ಥಾನದ ಸೇವೆಗೆ ಬಂದ. ೧೯೪೮ರಲ್ಲಿ ದೆಹಲಿಗೆ ಹೋಗಿ ಕೇಂದ್ರ ಸರ್ಕಾರದ ವಸತಿ ನಿರ್ದೇಶಕನಾದ. ಭುವನೇಶ್ವರ ನಗರಕ್ಕೆ ಯೋಜನೆ ಬರೆದುಕೊಟ್ಟ. ಅನಂತರ ಲಂಡನ್ನಿನಲ್ಲಿ ಉಷ್ಣವಲಯದ ವಾಸ್ತುವಿದ್ಯೆಯನ್ನು ಬೋಧಿಸಿದ. ಅಲ್ಲಿ ಬೋಧಿಸಿದ ಪಾಠದ ಬಹುಭಾಗವನ್ನು ಆತ ಕಲಿತದ್ದು ಇಲ್ಲಿಯ ಬಿಸಿಲು ಮಳೆಗಳಿಂದ ಎಂಬುದು ನಾವು ಹೆಮ್ಮೆಪಡತಕ್ಕ ಸಂಗತಿ.

ಆ ಕಟ್ಟಡಗಳ ಮುಂದೆ ನಿಂತಾಗ ನನ್ನ ಮನಸ್ಸಿಗೆ ಬಂದದ್ದು ನವ್ಯಕಾವ್ಯ. ೧೯೫೦ರ ದಶಕದಲ್ಲಿ ಗೋಪಾಲಕೃಷ್ಣ ಅಡಿಗರು ಮುಂತಾದವರ ಕವಿತೆಗಳು ಬಂದಾಗ, "ಪ್ರಾಸವಿಲ್ಲ, ಅಲಂಕಾರವಿಲ್ಲ, ಇದೆಂಥ ಕಾವ್ಯ?" ಎಂದು ನಮ್ಮ ಪಂಡಿತ ವರ್ಗ ಗೊಣಗಿತು, ಆ ಗೊಣಗಾಟವನ್ನು ಗುರುಗಳಿಂದ ನಾನೂ ಕಲಿತಿದ್ದೆ. ಈ ಕಟ್ಟಡಗಳ ವಿಷಯದಲ್ಲಿಯೂ ಅದೇ ಮಾತು: ಕಳಶವಿಲ್ಲ, ಕೆತ್ತನೆಯಿಲ್ಲ. ಆದರೆ ಅಂದು ಮಾರ್ಗದರ್ಶಕರು ಮಕ್ಕಳಿಗೆ ಏನನ್ನೂ ವರ್ಣಿಸದೆ, ಹತ್ತು ನಿಮಿಷ ಬಿಸಿಲಿನಲ್ಲಿ ನಿಲ್ಲಿಸಿ, ಬಳಿಕ ನೆರಳಿನ ಮೊಗಸಾಲೆಗೆ ಕರೆದು, "ಏನಾಯಿತು ಹೇಳಿ" ಎಂದರು. ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು, "ನಮ್ಮಜ್ಜಿಯ ಮನೆಯ ಪಡಸಾಲೆಯಲ್ಲೂ ಹೀಗೇ ತಂಪಾಗಿರುತ್ತದೆ" ಎಂದಳು. ಬಿಸಿಲನ್ನು ತಡೆಯುವ ಸಜ್ಜ, ಗಾಳಿಯನ್ನು ಎದುರುಬದುರು ಹಾಯಿಸುವ ಕಿಟಕಿ, ಗೋಡೆಗೆ ನೆರಳು ಕೊಡುವ ಮೊಗಸಾಲೆ ಇವೇ ಅಲ್ಲಿಯ ಅಲಂಕಾರಗಳು. ಅರ್ಥ ವಾಚ್ಯವಾಗಿರದೆ ಧ್ವನಿತವಾಗಿದೆ, ಅಷ್ಟೆ.

ಚೌಡಯ್ಯ ಸ್ಮಾರಕ ಭವನ ಇದಕ್ಕೆ ನೇರ ವಿರುದ್ಧ. ೧೯೮೦ರಲ್ಲಿ ಆರಂಭವಾದ ಈ ಸಭಾಭವನ ಏಳು ತಂತಿಯ ಪಿಟೀಲಿನಿಂದ ಖ್ಯಾತರಾದ ಮೈಸೂರು ಟಿ. ಚೌಡಯ್ಯನವರ ನೆನಪಿಗಾಗಿ ಪಿಟೀಲಿನ ಆಕಾರದಲ್ಲಿಯೇ ನಿಂತಿದೆ; ತಂತಿ, ಕಮಾನು ಎಲ್ಲವೂ ಇವೆ. ಇದು ಬಿಡಿಸಿ ಹೇಳಿದ ರೂಪಕ. ಮಕ್ಕಳಿಗೆ ಬಲು ಸಂತೋಷವಾಯಿತು. "ಯಾವುದು ಉತ್ತಮ?" ಎಂಬ ಚರ್ಚೆ ಸ್ಯಾಂಕಿ ರಸ್ತೆಯುದ್ದಕ್ಕೂ ನಡೆಯಿತು. ತೀರ್ಪು ಏನಾಯಿತೆಂಬುದು ಮುಖ್ಯವಲ್ಲ. ಕಟ್ಟಡಗಳನ್ನು ಕುರಿತು ಮಕ್ಕಳು ವಾದ ಮಾಡಿದ್ದನ್ನು ನನ್ನ ವೃತ್ತಿಜೀವನದಲ್ಲಿ ನಾನು ಕೇಳಿದ್ದು ಅದೇ ಮೊದಲು.

ಆದರೆ ಆ ವಾದದಲ್ಲಿ ಒಂದು ಕೊರತೆ ಎದ್ದು ಕಾಣುತ್ತಿತ್ತು. ಮಕ್ಕಳ ಬಳಿ ಮಾತುಗಳಿರಲಿಲ್ಲ. "ಚೆನ್ನಾಗಿದೆ", "ಚೆನ್ನಾಗಿಲ್ಲ" ಎಂಬೆರಡರಲ್ಲಿಯೇ ಎಲ್ಲವೂ ಮುಗಿಯುತ್ತಿತ್ತು. ಅರ್ಧ ಗಂಟೆಯ ಬಳಿಕ ತಿಂಡಿಯ ಮೇಜಿನ ಮುಂದೆ ಅದೇ ಮಕ್ಕಳ ನಾಲಗೆ ಹೇಗೆ ಹರಿಯಿತೆಂಬುದನ್ನು ನೋಡಬೇಕಿತ್ತು! ಒಬ್ಬನಿಗೆ ದೋಸೆಯ ಅಂಚು ಗರಿಗರಿಯಾಗಿದೆ, ನಡುಭಾಗ ಮೆತ್ತಗಿದೆ. ಇನ್ನೊಬ್ಬಳಿಗೆ ಹಿಟ್ಟು ಹುಳಿ ಬಂದದ್ದು ಹದವಾಗಿದೆ, ಆದರೆ ಚಟ್ನಿಗೆ ಒಗ್ಗರಣೆ ಸಾಲದು. ಮತ್ತೊಬ್ಬನ ಪ್ರಕಾರ ಕಾವಲಿ ಇನ್ನಷ್ಟು ಕಾಯಬೇಕಿತ್ತು. ಇದು ವಿಮರ್ಶೆಯಲ್ಲದೆ ಮತ್ತೇನು? ಅಂಗಾಂಗಗಳನ್ನು ಬಿಡಿಸಿ ನೋಡಿ, ಕಾರಣವನ್ನು ಹುಡುಕಿ, ಗುಣದೋಷಗಳನ್ನು ಹೇಳುವ ಶಕ್ತಿ ಪ್ರತಿಯೊಂದು ಮಗುವಿಗೂ ಇದೆ. ಅದು ಅಡುಗೆಮನೆಯಲ್ಲಿ ಬೆಳೆದಿದೆ, ಬೀದಿಯಲ್ಲಿ ಬೆಳೆದಿಲ್ಲ. ನಾಲಗೆಗಿರುವ ವಿವೇಕ ಕಣ್ಣಿಗೆ ಬಂದಿಲ್ಲ.

ಇದು ಹೊಸ ಮಾತೇನೂ ಅಲ್ಲ. ಭರತಮುನಿ ನಾಟ್ಯಶಾಸ್ತ್ರದ ಆರನೆಯ ಅಧ್ಯಾಯದಲ್ಲಿ ರಸವನ್ನು ವಿವರಿಸುವಾಗ ಕೊಡುವ ದೃಷ್ಟಾಂತ ಹಲವು ವ್ಯಂಜನಗಳಿಂದ ಹದಗೊಂಡ ಅನ್ನವನ್ನು ಸವಿಯುವವನದೇ. ಕಾವ್ಯಮೀಮಾಂಸೆಯ ಮೂಲಶಬ್ದವೇ ಊಟದ ಎಲೆಯಿಂದ ಬಂದಿರುವಾಗ, ವಾಸ್ತುವಿದ್ಯೆಯ ಮೊದಲ ಪಾಠ ತಿಂಡಿಯ ತಟ್ಟೆಯಿಂದ ಬಂದರೆ ತಪ್ಪೇನು?

ಅಂದು ನಾವು ತಿಂದ ರವೆ ಇಡ್ಲಿಯ ಕಥೆಯನ್ನೇ ತೆಗೆದುಕೊಳ್ಳಿ. ಎರಡನೆಯ ಮಹಾಯುದ್ಧದಲ್ಲಿ, ೧೯೪೨ರಲ್ಲಿ ಬರ್ಮಾ ಜಪಾನೀಯರ ವಶವಾದಾಗ ಅಲ್ಲಿಂದ ಬರುತ್ತಿದ್ದ ಅಕ್ಕಿ ನಿಂತಿತು; ಎಲ್ಲೆಡೆ ಅಕ್ಕಿಗೆ ಅಭಾವ. ೧೯೨೪ರಲ್ಲಿ ಆರಂಭವಾಗಿದ್ದ ಮಾವಳ್ಳಿ ಟಿಫಿನ್ ರೂಮ್ಸಿನವರು ಆ ಯುದ್ಧಕಾಲದಲ್ಲಿ ರವೆಯಿಂದ ಇಡ್ಲಿ ಮಾಡಿ ನೋಡಿದರಂತೆ. ರವೆ ಇಡ್ಲಿ ಹುಟ್ಟಿದ್ದು ಹಾಗೆ ಎಂದು ಅವರೇ ಹೇಳಿಕೊಂಡು ಬಂದಿದ್ದಾರೆ. ಅದೇ ವರ್ಷಗಳಲ್ಲಿ ಉಕ್ಕು, ಸಿಮೆಂಟುಗಳಿಗೂ ನಿಯಂತ್ರಣವಿತ್ತು. ಅದೇ ವರ್ಷಗಳಲ್ಲಿಯೇ ಕೋನಿಗ್ಸ್‌ಬರ್ಗರ್ ಕಟ್ಟುತ್ತಿದ್ದ. ಒಂದೇ ಊರಿನಲ್ಲಿ, ಒಂದೇ ಕಾಲದಲ್ಲಿ, ಒಂದು ಅಡುಗೆಮನೆಯೂ ಒಂದು ನಕ್ಷೆಯ ಮೇಜೂ ಕೊರತೆಗೆ ಉತ್ತರ ಹುಡುಕುತ್ತಿದ್ದವು. ಇಡ್ಲಿಯನ್ನು ನಾವು ಒಲಿದು ಉಳಿಸಿಕೊಂಡೆವು. ಕಟ್ಟಡದ ಹೆಸರನ್ನೂ ಕೇಳಲಿಲ್ಲ.

೧೯೮೩ರಲ್ಲಿ ಜಯನಗರದಲ್ಲಿ ಆರಂಭವಾಗಿ ಊರೂರಿಗೆ ಹಬ್ಬಿದ ದರ್ಶಿನಿ ಇನ್ನೊಂದು ಉದಾಹರಣೆ. ಕುರ್ಚಿಯಿಲ್ಲ, ಪರದೆಯಿಲ್ಲ, ಎದುರಿಗೇ ಕಾಣುವ ಅಡುಗೆ, ನಿಂತು ತಿನ್ನಲು ಎದೆಮಟ್ಟದ ಕಲ್ಲಿನ ಹಲಗೆ, ತೊಳೆಯಲು ಸುಲಭವಾದ ಉಕ್ಕಿನ ಪಾತ್ರೆ. ಬೇಡದ್ದನ್ನು ತೆಗೆದುಹಾಕಿ ಬೇಕಾದದ್ದನ್ನು ಸ್ಪಷ್ಟವಾಗಿ ತೋರಿಸುವುದೇ ಆಧುನಿಕ ವಾಸ್ತುವಿನ ತತ್ತ್ವವಾದರೆ, ದರ್ಶಿನಿಯಲ್ಲಿ ನಿಂತು ಕಾಫಿ ಕುಡಿಯುವ ಪ್ರತಿಯೊಬ್ಬನೂ ಆ ತತ್ತ್ವವನ್ನು ತಿಳಿಯದೆಯೇ ಒಪ್ಪಿಕೊಂಡಿದ್ದಾನೆ.

ಆಧುನಿಕ ಕಟ್ಟಡಗಳೆಲ್ಲವೂ ಶ್ರೇಷ್ಠವೆಂದು ನಾನು ವಾದಿಸುವುದಿಲ್ಲ. ಸೋರುವ ತಾರಸಿ, ಮಧ್ಯಾಹ್ನಕ್ಕೆ ಕುಲುಮೆಯಾಗುವ ಕೋಣೆ, ಹಗಲಿನಲ್ಲಿಯೂ ದೀಪ ಬೇಡುವ ಓಣಿ ಇವುಗಳನ್ನು ನಾವೆಲ್ಲರೂ ಅನುಭವಿಸಿದ್ದೇವೆ. ಕೆಟ್ಟದ್ದನ್ನು ಕೆಟ್ಟದ್ದೆನ್ನಲೇಬೇಕು. ಆದರೆ ಒಂದು ಹೋಟೆಲಿನ ಸಾಂಬಾರಿಗೆ ಉಪ್ಪು ಹೆಚ್ಚಾಯಿತೆಂದು ಸಾಂಬಾರನ್ನೇ ಯಾರೂ ತ್ಯಜಿಸುವುದಿಲ್ಲವಷ್ಟೆ.

ಇದೇಕೆ ಇಷ್ಟು ಅವಸರದ ವಿಷಯವೆಂದು ಕೆಲವರು ಕೇಳಬಹುದು. ೧೯೫೮ರ ಕೇಂದ್ರ ಪ್ರಾಚೀನ ಸ್ಮಾರಕಗಳ ಶಾಸನದಂತೆ ರಕ್ಷಣೆ ದೊರೆಯಲು ಕಟ್ಟಡಕ್ಕೆ ನೂರು ವರ್ಷ ತುಂಬಿರಬೇಕು. ಸ್ವಾತಂತ್ರ್ಯದ ಆಚೀಚೆ ಕಟ್ಟಿದ ಯಾವುದಕ್ಕೂ ಇನ್ನೂ ಆ ವಯಸ್ಸಿಲ್ಲ. ಸ್ವಾತಂತ್ರ್ಯದ ಬೆಳ್ಳಿಹಬ್ಬದ ವರ್ಷವಾದ ೧೯೭೨ರಲ್ಲಿ ರಾಜ್ ರೇವಾಲ್ ಮತ್ತು ತಂತ್ರಜ್ಞ ಮಹೇಂದ್ರ ರಾಜ್ ದೆಹಲಿಯ ಪ್ರಗತಿ ಮೈದಾನದಲ್ಲಿ ಕಟ್ಟಿದ ಹಾಲ್ ಆಫ್ ನೇಷನ್ಸ್ ಜಗತ್ತಿನ ವಾಸ್ತುಶಿಲ್ಪಿಗಳೆಲ್ಲರ ಮೆಚ್ಚುಗೆ ಪಡೆದಿತ್ತು. ಅರವತ್ತು ವರ್ಷ ತುಂಬದ್ದು ಪರಂಪರೆಯಲ್ಲವೆಂಬ ಮಾನದಂಡದ ಮುಂದೆ ಆ ಮೆಚ್ಚುಗೆ ನಿಲ್ಲಲಿಲ್ಲ. ೨೦೧೭ರ ಏಪ್ರಿಲಿನಲ್ಲಿ ಅದನ್ನು ನೆಲಸಮ ಮಾಡಿದರು. ಅಹಮದಾಬಾದಿನಲ್ಲಿ ಲೂಯಿ ಕಾನ್ ಕಟ್ಟಿದ ಆಡಳಿತ ವಿದ್ಯಾಸಂಸ್ಥೆಯ ವಿದ್ಯಾರ್ಥಿನಿಲಯಗಳನ್ನು ಕೆಡವುವ ನಿರ್ಧಾರ ೨೦೨೦ರ ಕೊನೆಯಲ್ಲಿ ಹೊರಬಿತ್ತು. ಪ್ರತಿಭಟನೆಯಿಂದ ೨೦೨೧ರ ಆರಂಭದಲ್ಲಿ ಅದನ್ನು ಹಿಂತೆಗೆದುಕೊಂಡರೂ ಪುನರ್ನಿರ್ಮಾಣದ ಮಾತು ೨೦೨೨ರಲ್ಲಿ ಮತ್ತೆ ಎದ್ದಿತು. ತಿಂಡಿಯ ಮನೆಗಳೂ ಶಾಶ್ವತವಲ್ಲ: ಬೆಂಗಳೂರಿನ ಮಹಾತ್ಮಾ ಗಾಂಧಿ ರಸ್ತೆಯಲ್ಲಿದ್ದ ಇಂಡಿಯಾ ಕಾಫಿ ಹೌಸ್ ೨೦೦೯ರಲ್ಲಿ ಮುಚ್ಚಿದಾಗ ಹಳಬರು ಅತ್ತರು, ಅದು ಚರ್ಚ್ ಸ್ಟ್ರೀಟಿಗೆ ಹೋಗಿ ಉಳಿಯಿತು. ಅದಕ್ಕಾಗಿ ಅಳುವವರಿದ್ದರು. ಶಾಸನ ಕಾಯದ ವಸ್ತುವನ್ನು ಕಾಯುವುದು ಜನರ ಒಲವೊಂದೇ. ಹೆಸರು ಗೊತ್ತಿಲ್ಲದ್ದರ ಮೇಲೆ ಒಲವು ಹುಟ್ಟುವುದಿಲ್ಲ.

ಹೆಸರು ಹೇಳಿಕೊಡುವುದು ಕನ್ನಡ ಅಧ್ಯಾಪಕರ ಕೆಲಸ. ನಗರಗಳಲ್ಲಿ ಇಂಥ ನಡಿಗೆಗಳು ಈಗ ನಡೆಯುತ್ತಿವೆ, ಸಂತೋಷ. ಆದರೆ ನಾನು ಕಂಡ ಮಟ್ಟಿಗೆ ವಿವರಣೆಯೆಲ್ಲ ಇಂಗ್ಲಿಷಿನಲ್ಲಿಯೇ. ನಮಗೇನು ಮಾತಿಲ್ಲವೆ? ಜಗುಲಿ, ಪಡಸಾಲೆ, ಮೊಗಸಾಲೆ, ಸಜ್ಜ, ಜಾಲಂಧ್ರ, ತೊಲೆ, ಬೋದಿಗೆ, ಅಂಕಣ ಎಲ್ಲವೂ ಇವೆ. ಬನ್ನೇರುಘಟ್ಟ ರಸ್ತೆಯ ಆಡಳಿತ ವಿದ್ಯಾಸಂಸ್ಥೆಯಲ್ಲಿ ಬಾಲಕೃಷ್ಣ ದೋಶಿಯವರು ಕಲ್ಲುಗೋಡೆಗಳ ನಡುವಣ ದಾರಿಯ ಮೇಲೆ ಬಿಸಿಲನ್ನು ಸೋಸಿಬಿಡಲು ಹೊದಿಸಿದ್ದನ್ನು ಚಪ್ಪರವೆಂದರೆ ಯಾವ ಹಳ್ಳಿಯ ಮಗುವಿಗೆ ತಿಳಿಯುವುದಿಲ್ಲ?

ಆದುದರಿಂದ ನನ್ನ ಸೂಚನೆಗಳು ಇವು. ವರ್ಷಕ್ಕೊಂದು ದಿನ ಪ್ರೌಢಶಾಲೆಯ ಮಕ್ಕಳಿಗೆ ಇಂಥ ನಡಿಗೆ ಇರಲಿ. ಇಪ್ಪತ್ತು ಮಕ್ಕಳಿಗಿಂತ ಹೆಚ್ಚು ಬೇಡ. ಕಟ್ಟಡ ಮೂರು, ತಿಂಡಿ ಎರಡು ಸಾಕು. ವಿವರಣೆ ಕನ್ನಡದಲ್ಲಿರಲಿ. ಹಿಂದಿರುಗಿದ ಮೇಲೆ ಪ್ರತಿಯೊಬ್ಬರೂ ಒಂದು ಕಟ್ಟಡವನ್ನೂ ಒಂದು ತಿಂಡಿಯನ್ನೂ ಕುರಿತು ಒಂದೊಂದು ಪುಟ ಬರೆಯಲಿ. "ಚೆನ್ನಾಗಿತ್ತು" ಎಂಬ ಮಾತನ್ನು ಬಳಸಕೂಡದೆಂಬುದೊಂದೇ ನಿಯಮ. ಬೆಂಗಳೂರೇ ಆಗಬೇಕೆಂದಿಲ್ಲ, ನಮ್ಮೂರಿನ ಬಸ್ ನಿಲ್ದಾಣ, ಸಹಕಾರಿ ಬ್ಯಾಂಕು, ಹಳೆಯ ಚಿತ್ರಮಂದಿರಗಳೂ ಓದಿಗೆ ತಕ್ಕವೇ, ಪಕ್ಕದಲ್ಲಿ ಖಾನಾವಳಿಯಂತೂ ಇದ್ದೇ ಇದೆ. ಹಳೆಯ ವಿದ್ಯಾರ್ಥಿಗಳಲ್ಲಿ ಇಂಜಿನಿಯರುಗಳಿದ್ದೀರಿ, ಹೋಟೆಲು ನಡೆಸುವವರಿದ್ದೀರಿ. ನಿಮ್ಮಿಂದ ಬೇಕಾದದ್ದು ವರ್ಷಕ್ಕೊಂದು ಮುಂಜಾನೆ. ದಾನಿಗಳಲ್ಲಿ ನಾನು ಬೇಡುವುದು ಬಸ್ಸಿನ ಬಾಡಿಗೆಗಿಂತ ಕಡಿಮೆ.

ಅಂದು ಮಾರ್ಗೋಸಾ ರಸ್ತೆಯ ಸೆಂಟ್ರಲ್ ಟಿಫಿನ್ ರೂಮಿನ ಮುಂದೆ ಬೆಣ್ಣೆ ಮಸಾಲೆ ದೋಸೆಗಾಗಿ ಸರದಿಯಲ್ಲಿ ನಿಂತಿದ್ದಾಗ, ಬೆಳಗ್ಗೆ ಅಜ್ಜಿಯ ಪಡಸಾಲೆಯನ್ನು ನೆನೆದ ಅದೇ ಹುಡುಗಿ ಎದುರು ಮನೆಯೊಂದರ ಮಾಳಿಗೆಯನ್ನು ದಿಟ್ಟಿಸುತ್ತ, "ಗುರುಗಳೇ, ಆ ಸಜ್ಜ ಪಶ್ಚಿಮಕ್ಕೆ ಸಾಲದು, ಸಂಜೆಯ ಬಿಸಿಲು ಒಳಗೆ ಬರುತ್ತದೆ" ಎಂದಳು. ಈ ಸಲ ನಾನು "ಕೂತುಕೋ" ಎನ್ನಲಿಲ್ಲ. ಅವಳ ಜೊತೆ ನಿಂತು ನೋಡಿದೆ. ಅವಳ ಮಾತು ಸರಿಯಾಗಿತ್ತು.